ಅಜ್ಜಿ ಗುನುಗುತ್ತಿದ್ದ ಹಾಡು ಯಾರದು?

ಕಾರವಾರದ ಕೋಡಿಬಾಗದಿಂದ ಬರೆದ ಓದುಗರಿಗೆ,

ನಮಸ್ಕಾರ. ಕನ್ನಡದ ಮೊದಲ ಟಾಕಿಗಳ (ಮಾತಿನ ಚಿತ್ರಗಳ) ಬಗ್ಗೆ ನಾವು ಹಾಕಿದ ಲೇಖನ ಓದಿ ನೀವು ಎರಡು ಪ್ರಶ್ನೆ ಕೇಳಿದ್ದೀರಿ. ಮೀನು ಹೆಚ್ಚುವಾಗ ನಿಮ್ಮ ಅಜ್ಜಿ ಗುನುಗುತ್ತಿದ್ದ ‘ಕಶಾಲಾ ಉದ್ಯಾಚೀ ಬಾತ್’ ಎಂಬ ಮರಾಠಿ ಹಾಡು ಯಾರದು? ಅದನ್ನು ಹಾಡಿದ ನಟಿ ನಮ್ಮ ಕಡೆಯವಳೇ ಎಂದು ಅಜ್ಜಿ ಹೇಳುತ್ತಿದ್ದದ್ದು ನಿಜವಾ? ನಿಜವಾದರೆ ನಮ್ಮ ಲೇಖನದಲ್ಲಿ ಆಕೆಯ ಹೆಸರೇಕಿಲ್ಲ ಎಂದೂ ಸ್ವಲ್ಪ ಬೇಸರದಿಂದಲೇ ಕೇಳಿದ್ದೀರಿ.

ಅಜ್ಜಿ ಹೇಳಿದ್ದು ನಿಜ. ಅವರು ಶಾಂತಾ ಹುಬ್ಳೀಕರ. ಹುಟ್ಟಿದ್ದು 1914ರಲ್ಲಿ, ಹುಬ್ಬಳ್ಳಿ ಹತ್ತಿರದ ಅದರಗುಂಚಿಯಲ್ಲಿ. ಹಿಂದೂಸ್ತಾನಿ ಸಂಗೀತ ಕಲಿತರು, ನಾಟಕ ಕಂಪನಿ ಸೇರಿದರು, ಅಲ್ಲಿಂದ ಸಿನಿಮಾಕ್ಕೆ ಹೋದರು. ಅವರು ನಟಿಸಿದ, ಪುಣೆಯ ಪ್ರಭಾತ್ ಫಿಲ್ಮ್ ಕಂಪನಿಯ ‘ಮಾಝಾ ಮುಲಗಾ’ 1938ರಲ್ಲಿ ಬಂತು. ಮರುವರ್ಷವೇ ವಿ. ಶಾಂತಾರಾಮ್ ನಿರ್ದೇಶಿಸಿದ ‘ಮಾಣೂಸ್’. ನಿಮ್ಮ ಅಜ್ಜಿಯ ಹಾಡು ಇದರದ್ದೇ. ಇದರ ಹಿಂದಿ ರೂಪ ‘ಆದ್ಮಿ’.

ಕಥೆ ಒಬ್ಬ ಪೊಲೀಸನದು, ಒಬ್ಬ ವೇಶ್ಯೆಯದು. ಪೊಲೀಸ್ ಗಣಪತನಾಗಿ ಶಾಹೂ ಮೋಡಕ್, ಮೈನಾ ಆಗಿ ಶಾಂತಾಬಾಯಿ. ‘ನಾಳೆಯ ಮಾತು ಯಾಕೆ’ ಎಂದು ಮೈನಾ ಹಾಡುವಾಗ ಎದುರಿಗೆ ಬೇರೆ ಬೇರೆ ಸೀಮೆಯ ಗಿರಾಕಿಗಳು. ಅವರವರ ಭಾಷೆಯಲ್ಲಿ ಒಂದೊಂದು ಸಾಲು ಹಾಡಿ ಎಲ್ಲರನ್ನೂ ರಂಜಿಸುತ್ತಾಳೆ. ಧ್ವನಿ ಶಾಂತಾಬಾಯಿಯದ್ದೇ, ಹಿಂದೆ ನಿಂತು ಹಾಡಿಕೊಟ್ಟವರು ಯಾರೂ ಇಲ್ಲ. ಹಾಡು ಹಗುರ, ಕೊಂಚ ತುಂಟತನದ್ದು. ಅದೇ ಹೆಂಗಸು ಮುಂದೆ ಗಣಪತನ ತಾಯಿಯ ಎದುರು ಬಂದಾಗ ತಾನು ಈ ಮನೆಗೆ ತಕ್ಕವಳಲ್ಲ ಎಂದು ಒಳಗೊಳಗೇ ಕುಗ್ಗುತ್ತಾಳೆ. ಆ ಕಾಲದ ಎಷ್ಟೋ ಚಿತ್ರಗಳಲ್ಲಿ ನಾಟಕದ ಏರುದನಿ ಕಿವಿಗೆ ಹೊಡೆಯುತ್ತದೆ. ರಂಗದಿಂದಲೇ ಬಂದ ಶಾಂತಾಬಾಯಿ ಇಲ್ಲಿ ಮನೆಯಲ್ಲಿ ಮಾತಾಡಿದಷ್ಟೇ ಸಹಜವಾಗಿ ಮಾತಾಡುತ್ತಾರೆ. ನನಗೆ ಹಾಡಿಗಿಂತಲೂ ಅದು ದೊಡ್ಡದು.

ಇನ್ನು ಹೆಸರಿನ ಪ್ರಶ್ನೆ. ನಮ್ಮ ಲೇಖನ ಆರಂಭದ ಕನ್ನಡ ಟಾಕಿಗಳಿಗೆ ಸೀಮಿತವಾಗಿತ್ತು. ಆದರೆ ನಿಮ್ಮ ಬೇಸರ ಸುಮ್ನೆ ಬಂದದ್ದಲ್ಲ. ಭಾಷೆಯ ಲೆಕ್ಕದಲ್ಲೇ ಸಿನಿಮಾ ಚರಿತ್ರೆ ಬರೆಯುತ್ತ ಹೋದರೆ ಶಾಂತಾಬಾಯಿಯಂಥವರು ನಡುವೆ ಬಿದ್ದುಹೋಗುತ್ತಾರೆ. ಆಗ ಧಾರವಾಡ, ಕಾರವಾರ, ಪುಣೆ, ಕೊಲ್ಹಾಪುರದ ನಂಟೇ ಬೇರೆ. ನಮ್ಮ ಉತ್ತರ ಕನ್ನಡ ಜಿಲ್ಲೆ 1956ರ ತನಕ ಮುಂಬೈ ಆಡಳಿತದಲ್ಲಿತ್ತು. ಕಾರವಾರದವರು ಮುಂಬೈಗೆ ಹಡಗು ಹತ್ತುತ್ತಿದ್ದರು. ಮನೆಯಲ್ಲಿ ಕೊಂಕಣಿ, ಪೇಟೆಯಲ್ಲಿ ಕನ್ನಡ, ಹಾಡಿಗೆ ಮರಾಠಿ ಅಂದರೆ ಇಲ್ಲಿ ಯಾರಿಗೂ ವಿಚಿತ್ರ ಅನಿಸುತ್ತಿರಲಿಲ್ಲ. ಕನ್ನಡದ ಮೊದಲ ಟಾಕಿ ‘ಸತಿ ಸುಲೋಚನಾ’ ಕೂಡ ತಯಾರಾದದ್ದು ಬೆಂಗಳೂರಿನಲ್ಲಲ್ಲ, ಕೊಲ್ಹಾಪುರದ ಸ್ಟುಡಿಯೋದಲ್ಲಿ. ಅದು 1934ರ ಮಾತು. ಅಂಥ ಹೊತ್ತಿನಲ್ಲಿ ಹಾಡು ಬಲ್ಲ ಹುಬ್ಬಳ್ಳಿ ಕಡೆಯ ಹುಡುಗಿ ಅವಕಾಶ ಹುಡುಕಿ ಆ ದಿಕ್ಕಿಗೇ ಹೋಗಬೇಕಿತ್ತು, ಅಲ್ವಾ?

ಹಾಗಂತ ಕನ್ನಡಕ್ಕೆ ಅವರು ಬರಲೇ ಇಲ್ಲ ಅಂದುಕೊಳ್ಳಬೇಡಿ. ಗುಬ್ಬಿ ವೀರಣ್ಣನವರ ‘ಜೀವನ ನಾಟಕ’ದಲ್ಲಿ 1942ರಲ್ಲಿ ನಟಿಸಿದ್ದಾರೆ. ಆದರೂ ಜನ ಅವರನ್ನು ನೆನಪಿಟ್ಟದ್ದು ಮೈನಾ ಆಗಿಯೇ. ಅವರೂ 1990ರಲ್ಲಿ ಬಂದ ತಮ್ಮ ಮರಾಠಿ ಆತ್ಮಕಥೆಗೆ ಅದೇ ಹಾಡಿನ ಮೊದಲ ಸಾಲನ್ನೇ ಹೆಸರಾಗಿ ಇಟ್ಟರು. ಎರಡು ವರ್ಷದ ನಂತರ ತೀರಿಕೊಂಡರು.

‘ಸತಿ ಸುಲೋಚನಾ’ದ ಪ್ರತಿ ಎಲ್ಲೂ ಉಳಿದಿಲ್ಲ. ಅದರ ನಾಯಕಿ ತ್ರಿಪುರಾಂಬ ಹೇಗೆ ನಟಿಸಿದ್ದರೆಂದು ನಾವಿನ್ನು ನೋಡಲಾರೆವು. ‘ಮಾಣೂಸ್’ ಉಳಿದಿದೆ. ದಯವಿಟ್ಟು ನೋಡಿ. ಮರಾಠಿ ಬರುತ್ತದಾದರೆ ಹಿಂದಿಗಿಂತ ಮೊದಲು ಅದನ್ನೇ ನೋಡಿ. ಅಜ್ಜಿ ಗುನುಗಿದ್ದು ಆ ಸಾಲುಗಳನ್ನೇ. ಆ ಚಿತ್ರವನ್ನು ಅಜ್ಜಿ ಎಲ್ಲಿ ನೋಡಿದ್ದರು, ಯಾರ ಜೊತೆ ಹೋಗಿದ್ದರು, ಅಥವಾ ಹಾಡನ್ನು ಬರೀ ಗ್ರಾಮಾಫೋನಿನಲ್ಲಿ ಕೇಳಿದ್ದರಾ ಎಂದು ಮನೆಯ ಹಿರಿಯರನ್ನು ವಿಚಾರಿಸಿ ಬರೆಯಿರಿ. ಎಷ್ಟು ಉದ್ದವಾದರೂ ಪ್ರಕಟಿಸುತ್ತೇವೆ.

— ಸಂಪಾದಕ