ಮೆಗ್ರೆ ಸರಣಿಯ ಕೊನೆಯ ಕಂತಿನಲ್ಲಿ ದನಿ ಬೇರೆ

ಫ್ರೆಂಚ್ ಪತ್ತೇದಾರಿ ಟಿವಿ ಸರಣಿ ‘ಮೆಗ್ರೆ’ಯ ಕೊನೆಯ ಕಂತಿನಲ್ಲಿ ನಾಯಕ ಮೆಗ್ರೆಯ ದನಿ ಬೇರೆ ಕೇಳಿಸಿದರೆ ಫೈಲ್ ಕೆಟ್ಟಿರಲಿಕ್ಕಿಲ್ಲ, ದನಿಯೇ ಆ ಪಾತ್ರದ ನಟ ಬ್ರೂನೊ ಕ್ರೆಮೆರ್‌ದಲ್ಲ. ಅವರ ಮೆಗ್ರೆ 1991ರಿಂದ 2005ರವರೆಗೆ 54 ಕಂತು ಬಂತು. ಕೊನೆಯ ಕಂತಿನ ಹೊತ್ತಿಗೆ ಗಂಟಲಿನ ಕ್ಯಾನ್ಸರ್‌ ಕಾಡುತ್ತಿತ್ತು, ಹಾಗಾಗಿ ಮಾತನ್ನು ನಟ ವ್ಯಾನ್ಸಾನ್ ಗ್ರಾಸ್ ಡಬ್ ಮಾಡಿದರು.

ಮೊದಲು ಶೀರ್ಷಿಕೆ ನೋಡಿ: ‘ಮೆಗ್ರೆ ಎ ಲೆತ್ವಾಲ್ ದ್ಯು ನೋರ್’ ಆಗಿರಬೇಕು. ಆಮೇಲೆ ಆಡಿಯೋ ಟ್ರ್ಯಾಕ್ ಫ್ರೆಂಚ್‌ಗೆ ಹಾಕಿ, ಇನ್‌ಸ್ಪೆಕ್ಟರ್‌ಗಳ ದನಿ ಕೇಳಿ. ಮೆಗ್ರೆಯದು ಮಾತ್ರ ಬೇರೆ ಅನ್ನಿಸಿದರೆ ಅದು ಡಬ್ಬಿಂಗೇ. ಎಲ್ಲರದೂ ಒಂಚೂರು ದಪ್ಪಗೆ, ನಿಧಾನವಾಗಿ ಕೇಳಿಸಿದರೆ ಬಹುಶಃ ಸೆಕೆಂಡಿಗೆ 25 ಫ್ರೇಮಿನ ವಿಡಿಯೋ 24ರಲ್ಲಿ ಓಡುತ್ತಿದೆ; ಪ್ಲೇಯರಿನಲ್ಲಿ ವೇಗ 1.04 ಮಾಡಿ.

ಕ್ರೆಮೆರ್‌ರ ಸ್ವಂತ ದನಿಗೆ, ಅದೂ ಹರೆಯದ್ದು, 1965ರ ‘ಲಾ 317ಎಮ್ ಸೆಕ್ಸಿಯೋಂ’ ಸಿನಿಮಾ ಹಾಕಿ. ಮೆಗ್ರೆಯ ಆ ಗೊಣಗು ಅಲ್ಲೇ ಶುರುವಾದಂತಿದೆ.