ಮಂಚದ ಕೆಳಗಿನ ಉಸಿರು

ದಾವಣಗೆರೆಯ ಓದುಗರೊಬ್ಬರ ಪತ್ರ: 'ರಾಂಗ್ ಟರ್ನ್' ಎಂಬ ಹಾಲಿವುಡ್ ಹಾರರ್ ಸಿನಿಮಾಗಳನ್ನು ಒಂದರಿಂದ ಆರರವರೆಗೆ ಹಿಂದಿ ಡಬ್ಬಿಂಗ್‌ನಲ್ಲೇ ನೋಡಿದೆ. ಮೊದಲನೆಯದು ನಡುಗಿಸಿತು. ಮೂರನೆಯದಕ್ಕೆ ಬರುವಷ್ಟರಲ್ಲಿ ನಗು ಬರುತ್ತಿತ್ತು. ಇದು ಸಿನಿಮಾದ ತಪ್ಪಾ, ಡಬ್ಬಿಂಗ್‌ನದಾ? ಹೇಗೆ ಹೇಳೋದು?

ಪ್ರೀತಿಯ ಓದುಗರೇ,

ನಿಮ್ಮ ಪ್ರಶ್ನೆ ತುಂಬಾ ಹಿಡಿಸಿತು. ಸಿನಿಮಾ ಸೋತಾಗ ಡಬ್ಬಿಂಗ್ ಕಲಾವಿದರನ್ನು ಬೈದು ಸುಮ್ಮನಾಗುವವರೇ ಜಾಸ್ತಿ. ಅವರ ಕೆಲಸದ ಬಗ್ಗೆ ನನಗೆ ತುಂಬಾ ಗೌರವವಿದೆ. ಅದಕ್ಕೇ ಸ್ವಲ್ಪ ಉದ್ದವಾಗಿಯೇ ಬರೆಯುತ್ತೇನೆ.

ಮೊದಲು ಸಿನಿಮಾದ ಪಾಲು. 2003ರ ಮೊದಲ ಭಾಗದಲ್ಲಿ ದಾರಿ ತಪ್ಪಿ ಬಂದವರನ್ನು ನರಭಕ್ಷಕರು ಬೇಟೆಯಾಡುತ್ತಾರೆ, ಕಥೆ ನಡೆಯೋದು ಅಮೆರಿಕದ ವೆಸ್ಟ್ ವರ್ಜೀನಿಯಾದ ಕಾಡಿನಲ್ಲಿ. ಚಿತ್ರೀಕರಣ ಕೆನಡಾದ ಒಂಟಾರಿಯೊದಲ್ಲಿ. ನರಭಕ್ಷಕರ ಮುಖಗಳನ್ನು ರೂಪಿಸಿದ್ದು 'ಜುರಾಸಿಕ್ ಪಾರ್ಕ್' ಡೈನೋಸಾರ್‌ಗಳ ಸ್ಟಾನ್ ವಿನ್‌ಸ್ಟನ್ ಅವರ ಸ್ಟುಡಿಯೊ. ಅದು ಥಿಯೇಟರಿಗೆ ಬಂದ ಸಿನಿಮಾ. 2007ರಿಂದ 2014ರವರೆಗೆ ಬಂದ ಐದು ಭಾಗಗಳು ಮುಖ್ಯವಾಗಿ ಡಿವಿಡಿಗಾಗಿಯೇ ತಯಾರಾದವು. ಎರಡನೆಯದರಲ್ಲಿ ಇನ್ನೂ ಹುರುಪಿತ್ತು. ಕಾಡಿನಲ್ಲಿ ರಿಯಾಲಿಟಿ ಶೋ ನಡೆಸಲು ಹೋದವರ ಕಥೆ, ನನಗೆ ಇಷ್ಟವೇ. ಮೂರನೆಯದು ತಯಾರಾಗಿದ್ದು ಬಲ್ಗೇರಿಯಾದಲ್ಲಿ. ಅಮೆರಿಕನ್ನರ ಪಾತ್ರಗಳಲ್ಲಿ ಬ್ರಿಟಿಷ್ ನಟರಿದ್ದರು. ಕೈದಿ ಚಾವೆಸ್ ಆಗಿರುವ ಟೇಮರ್ ಹಸನ್ ಲಂಡನ್ನಿನವರು. ಅಮೆರಿಕನ್ನರ ಹಾಗೆ ಮಾತಾಡಲು ಅವರು ಪಡುವ ಒದ್ದಾಟ ಇಂಗ್ಲಿಷಿನಲ್ಲೇ ಇದೆ. ಹಿಂದಿ ದನಿ ಅದನ್ನು ಮುಚ್ಚಿಬಿಡುತ್ತದೆ! ಹಾಗಾಗಿ ಮೂರನೆಯದಕ್ಕೆ ನೀವು ನಕ್ಕಿದ್ದರೆ ತಪ್ಪು ಬಹುಪಾಲು ಸಿನಿಮಾದ್ದೇ.

ಐದನೆಯದರಲ್ಲಿ ಲೆಕ್ಕ ತಿರುಗುತ್ತದೆ. ಅದರಲ್ಲಿ ಮುದುಕ ಮೇನಾರ್ಡ್ ಆಗಿರುವವರು ಡಗ್ ಬ್ರಾಡ್ಲಿ. 1987ರ 'ಹೆಲ್‌ರೇಸರ್'ನಲ್ಲಿ ಮುಖದ ತುಂಬಾ ಮೊಳೆ ಹೊಡೆದುಕೊಂಡಿದ್ದ ಪಿನ್‌ಹೆಡ್ ಅವರೇ. ಅವರ ದನಿಯೇ ಅರ್ಧ ಪಾತ್ರ. ಅದು ಹೋದರೆ ಎಷ್ಟೇ ಒಳ್ಳೆ ಡಬ್ಬಿಂಗ್ ಕಲಾವಿದರಿದ್ದರೂ ತುಂಬಿಕೊಡೋದು ಕಷ್ಟ. ಆದರೆ ಮೊದಲ ಭಾಗದ ನರಭಕ್ಷಕರು ಮಾತೇ ಆಡೋದಿಲ್ಲ, ಕಿಸಿಕಿಸಿ ನಗುತ್ತಾರೆ, ಗುರುಗುಡುತ್ತಾರೆ. ಅದನ್ನು ಯಾವ ಭಾಷೆಗೂ ತರಬೇಕಾಗಿಲ್ಲ.

ಇನ್ನು ಅಳೆಯೋದು ಹೇಗೆ? ತುಟಿಗೆ ಮಾತು ಕೂಡುತ್ತದಾ ಅಂತ ಎಲ್ಲರೂ ನೋಡುತ್ತಾರೆ. ಹತ್ತಿರದ ಶಾಟ್‌ನಲ್ಲಿ ಪ, ಬ, ಮ ಬಂದಾಗ ತುಟಿ ಮುಚ್ಚಬೇಕು, ಅಷ್ಟು ಸಾಕು. ನಾನು ಕಿವಿ ಕೊಡೋದು ಮಾತಿನ ಹಿಂದಿನ ಸದ್ದಿಗೆ. ಡಬ್ಬಿಂಗ್‌ಗೆ ಮಾತನ್ನು ಬಿಟ್ಟು ಸಂಗೀತ ಮತ್ತು ಸದ್ದು ಮಾತ್ರ ಇರುವ ಟ್ರ್ಯಾಕ್ ಬೇರೆಯಾಗಿ ಬರುತ್ತದೆ. ಸ್ಟುಡಿಯೊದವರು ಅದನ್ನು 'ಎಂ ಆ್ಯಂಡ್ ಇ' ಅಂತಾರೆ. ಅದು ಸರಿಯಾಗಿದ್ದರೆ ಪಾತ್ರ ಬಾಯಿ ತೆರೆದಾಗಲೂ ಜೀರುಂಡೆ ಕೂಗುತ್ತಲೇ ಇರುತ್ತದೆ, ಒಣ ಎಲೆ ಮುರಿಯುತ್ತಲೇ ಇರುತ್ತದೆ. ಮಾತು ಶುರುವಾದ ಕೂಡಲೇ ಕಾಡು ಸತ್ತುಹೋದರೆ ಆ ಡಬ್ಬಿಂಗ್ ಕೆಟ್ಟದ್ದು. ಮರದ ಕೆಳಗೆ ನಿಂತವರ ದನಿ ಕೋಣೆಯೊಳಗೆ ಮೈಕ್ ಮುಂದೆ ಕೂತು ಮಾತಾಡಿದಂತೆ ಕೇಳಿಸಿದರೂ ಕೆಟ್ಟದ್ದೇ. ಮೌನ ಇದ್ದ ಕಡೆ ಸುಮ್ನೆ ಒಂದು ಮಾತು ತುರುಕಿದ್ದರಂತೂ ನನಗೆ ಸಿಟ್ಟೇ ಬರುತ್ತದೆ.

ಟಿವಿಯಲ್ಲಿ ನೋಡಿದ್ದೀರಾ? ಹಾಗಿದ್ದರೆ ತೀರ್ಪು ಕೊಡುವ ಮುಂಚೆ ನಿಲ್ಲಿ. 'ಎ' ಸರ್ಟಿಫಿಕೇಟಿನ ಸಿನಿಮಾವನ್ನು ನಮ್ಮಲ್ಲಿ ಹಾಗೇ ಟಿವಿಯಲ್ಲಿ ಹಾಕುವಂತಿಲ್ಲ, ಕತ್ತರಿಸಿ ಮತ್ತೆ ಸರ್ಟಿಫಿಕೇಟ್ ಪಡೆಯಬೇಕು. ಮೊದಲ ಭಾಗ ಸುಮಾರು 84 ನಿಮಿಷದ್ದು. ನೀವು ನೋಡಿದ್ದು ಅದಕ್ಕಿಂತ ತೀರಾ ಚಿಕ್ಕದಾಗಿದ್ದರೆ, ಕಥೆ ಎಗರಿದ್ದು ಕತ್ತರಿಯಿಂದ.

ಕನ್ನಡದಲ್ಲೇ ಕೇಳುವ ಆಸೆ ನನಗೂ ಇದೆ. ದಶಕಗಳ ಕಾಲ ಇಲ್ಲಿ ಡಬ್ಬಿಂಗ್‌ಗೆ ಅಡ್ಡಿ ಇತ್ತು. ಹಾಗೆ ತಡೆಯೋದು ತಪ್ಪು ಅಂತ ಭಾರತೀಯ ಸ್ಪರ್ಧಾ ಆಯೋಗ ಹೇಳಿದ್ದೇ 2015ರಲ್ಲಿ. ಅಷ್ಟರಲ್ಲಿ ನಮ್ಮ ಎಷ್ಟೋ ಮಂದಿಗೆ ಹಾಲಿವುಡ್ ಅಂದರೆ ಹಿಂದಿ ದನಿ ಅಂತಾಗಿಬಿಟ್ಟಿತ್ತು.

ಈಗ ಒಂದು ಕೆಲಸ ಮಾಡಿ. ಮೊದಲ ಭಾಗದಲ್ಲಿ ಗುಡಿಸಲಿನ ದೃಶ್ಯವಿದೆ ಅಲ್ವಾ? ನರಭಕ್ಷಕರು ಹೆಣ ಹೊತ್ತು ಮನೆಗೆ ಬರುತ್ತಾರೆ, ಒಳಗಿದ್ದವರಲ್ಲಿ ಕೆಲವರು ಮಂಚದ ಕೆಳಗೆ ಅವಿತುಕೊಳ್ಳುತ್ತಾರೆ. ಮಾತು ಇಲ್ಲವೇ ಇಲ್ಲ ಎನ್ನುವಷ್ಟು ಕಡಿಮೆ. ದೀಪ ಆರಿಸಿ, ಹೆಡ್‌ಫೋನ್ ಹಾಕಿಕೊಂಡು ಒಮ್ಮೆ ಇಂಗ್ಲಿಷಿನಲ್ಲಿ, ಒಮ್ಮೆ ಹಿಂದಿಯಲ್ಲಿ ಕೇಳಿ. ಬಿಗಿಹಿಡಿದ ಆ ಉಸಿರು ಎರಡರಲ್ಲೂ ಒಂದೇ ಥರ ಕೇಳಿಸಿತಾ? ಬರೆದು ತಿಳಿಸಿ.

– ಸಂಪಾದಕ