ಹಿಂದಿ ಸರಿಯಾಗಿ ಬಾರದ ಕನ್ನಡಿಗ ಜೆಎನ್‌ಯು ವಿದ್ಯಾರ್ಥಿ ಸಂಘದ ಚುನಾವಣೆಗೆ ನಿಲ್ಲಬಹುದೇ?

ಹಿಂದಿ ಸರಿಯಾಗಿ ಬಾರದಿದ್ದರೂ ಚುನಾವಣೆಗೆ ನಿಲ್ಲಬೇಕೆಂದಿದ್ದೇನೆ, ಸ್ವತಂತ್ರನಾಗಿ ನಿಲ್ಲಲೋ, ಸಂಘಟನೆ ಸೇರಲೋ ಎಂದು ಕೇಳಿದ್ದೀರಿ. ಜೊತೆಗೆ 'ಮಾತಾಡಲು ಉತ್ತರ ಭಾರತದ ಗೆಳೆಯನೊಬ್ಬ ಇದ್ದಾನೆ, ದಕ್ಷಿಣದವರ ಮತ ಒಟ್ಟಾದರೆ ಸಾಕಲ್ಲವೇ' ಎಂದೂ ಬರೆದಿದ್ದೀರಿ. ಅದನ್ನು ಓದಿ ಎದೆ ಧಸಕ್ಕೆಂದಿತು. 2013ರಲ್ಲಿ ನಾನು ಮಾಡಿದ್ದು ಇದನ್ನೇ.

ಕೃಷ್ಣೆ-ತುಂಗಭದ್ರೆಯರ ನಡುವಿನ ಒಂದು ಹಳ್ಳಿಯಿಂದ 2011ರಲ್ಲಿ ಎಂ.ಎ.ಗೆಂದು ದೆಹಲಿಯ ಜವಾಹರಲಾಲ್ ನೆಹರೂ ವಿಶ್ವವಿದ್ಯಾಲಯಕ್ಕೆ, ಅಂದರೆ ಜೆಎನ್‌ಯುಗೆ ಹೋದೆ. ಡಿಗ್ರಿ ಮುಗಿಸುವವರೆಗೆ ಮತಪೆಟ್ಟಿಗೆ ಕಂಡವನಲ್ಲ. ಕರ್ನಾಟಕದಲ್ಲಿ 1990ರ ಸುಮಾರಿಗೇ ವಿದ್ಯಾರ್ಥಿ ಸಂಘದ ಚುನಾವಣೆ ನಿಂತುಹೋಗಿತ್ತು. ನಮ್ಮ ಕಾಲೇಜಿನಲ್ಲಿ ಪ್ರಾಂಶುಪಾಲರು ಹೆಚ್ಚು ಅಂಕದವರ ಹೆಸರು ಓದಿದರೆ ಅವರೇ ಪ್ರತಿನಿಧಿ. ಜೆಎನ್‌ಯುಗೆ ಹೋದಾಗ ಅಲ್ಲೂ ಚುನಾಯಿತ ಸಂಘ ಇರಲಿಲ್ಲ. ವಿದ್ಯಾರ್ಥಿ ಚುನಾವಣೆಗಳಿಗೆ ನಿಯಮ ರೂಪಿಸಿದ ಲಿಂಗ್ಡೊ ಸಮಿತಿಯ ಮಾತು ಪಾಲಿಸಿಲ್ಲವೆಂದು 2008ರಲ್ಲಿ ಸುಪ್ರೀಂ ಕೋರ್ಟ್ ಚುನಾವಣೆಗೆ ತಡೆ ಕೊಟ್ಟಿತ್ತು. ನನಗಿಂತ ಹಿರಿಯರಲ್ಲಿ ಎಷ್ಟೋ ಮಂದಿ ಎಂ.ಎ., ಎಂ.ಫಿಲ್. ಎರಡನ್ನೂ ಮುಗಿಸಿದ್ದರು, ಒಂದು ಸಲವೂ ಮತ ಹಾಕಿರಲಿಲ್ಲ. 2012ರ ಮಾರ್ಚ್ 1ಕ್ಕೆ ಚುನಾವಣೆ ಮರಳಿ ಬಂದಾಗ ಅವರ ಮುಖ ನೋಡಬೇಕಿತ್ತು. ಹಬ್ಬದ ದಿನ ಬೆಳಿಗ್ಗೆ ಎದ್ದವರ ಹಾಗಿದ್ದರು.

ನನ್ನನ್ನು ಸೆಳೆದದ್ದು ಆ ಮುಖಗಳು. ಅಷ್ಟೇ ಸೆಳೆದದ್ದು ಅಲ್ಲಿನ ಪದ್ಧತಿ. 1971ರ ಸಂಘದ ಸಂವಿಧಾನದಿಂದಲೂ ಅಲ್ಲಿ ಚುನಾವಣೆ ನಡೆಸುವವರು ವಿದ್ಯಾರ್ಥಿಗಳೇ. ಚುನಾವಣಾ ಆಯೋಗವೂ ವಿದ್ಯಾರ್ಥಿಗಳದ್ದೇ, ಆಡಳಿತದ ಕೈ ಇಲ್ಲ. ಪೋಸ್ಟರುಗಳನ್ನು ಕೈಯಲ್ಲೇ ಬರೆಯಬೇಕು. ಅಧ್ಯಕ್ಷ ಸ್ಥಾನದ ಅಭ್ಯರ್ಥಿಗಳು ರಾತ್ರಿಯಿಡೀ ನಡೆಯುವ ಚರ್ಚೆಯಲ್ಲಿ ಎಲ್ಲರೆದುರು ನಿಂತು ಉತ್ತರ ಕೊಡಬೇಕು. ಸೋಜಿಗವೆಂದರೆ, ಯಾರ ವರದಿಯ ಹೆಸರಲ್ಲಿ ಚುನಾವಣೆ ನಿಂತಿತೋ ಆ ಲಿಂಗ್ಡೊ ಸಮಿತಿಯೇ ಜೆಎನ್‌ಯು ಪದ್ಧತಿಯನ್ನು ಮಾದರಿಯೆಂದು ಕರೆದಿತ್ತು.

ಸಮಾಜ ವಿಜ್ಞಾನದ ಸ್ಕೂಲಿನಿಂದ (ಅಲ್ಲಿ ಅಧ್ಯಯನ ವಿಭಾಗಗಳ ಗುಂಪಿಗೆ ಸ್ಕೂಲ್ ಅನ್ನುತ್ತಾರೆ) ಕೌನ್ಸಿಲರ್ ಸ್ಥಾನಕ್ಕೆ, ಅಂದರೆ ಸಂಘದಲ್ಲಿ ಸ್ಕೂಲಿನ ಪ್ರತಿನಿಧಿಯ ಸ್ಥಾನಕ್ಕೆ, ಸ್ವತಂತ್ರನಾಗಿ ನಿಂತೆ. ಮೊದಲು ಮಾಡಿದ ಕೆಲಸ ಪಟ್ಟಿ. ಕನ್ನಡಿಗರು, ತೆಲುಗರು, ಮಲಯಾಳಿಗಳು, ತಮಿಳರು ಎಂದು ನೋಟ್‌ಬುಕ್ಕಿನಲ್ಲಿ ಹಾಸ್ಟೆಲ್ ಹಾಸ್ಟೆಲ್ ಲೆಕ್ಕ ಬರೆದೆ. ಕೌನ್ಸಿಲರ್‌ಗೆ ಮತ ಹಾಕುವುದು ಆಯಾ ಸ್ಕೂಲಿನವರು ಮಾತ್ರ ಎಂಬುದು ಗೊತ್ತಿದ್ದೂ ನನ್ನ ಪಟ್ಟಿಯಲ್ಲಿ ಅರ್ಧಕ್ಕರ್ಧ ಬೇರೆ ಸ್ಕೂಲಿನವರೇ ತುಂಬಿಕೊಂಡಿದ್ದರು. ಇದು ಚಿಕ್ಕ ತಪ್ಪು, ಬಿಡಿ.

ದೊಡ್ಡ ತಪ್ಪು ಆದದ್ದು ಸ್ಕೂಲಿನ ಜನರಲ್ ಬಾಡಿ ಸಭೆಯಲ್ಲಿ. ಅಲ್ಲಿ ಎಲ್ಲರೂ ಜಿಬಿಎಂ ಅನ್ನುತ್ತಾರೆ. ಅಭ್ಯರ್ಥಿಗಳು ಒಬ್ಬೊಬ್ಬರಾಗಿ ಮಾತಾಡಬೇಕು, ಆಮೇಲೆ ಕೂತವರು ಕೇಳಿದ್ದಕ್ಕೆಲ್ಲ ಉತ್ತರ ಕೊಡಬೇಕು. ಹಿಂದಿಯ ಹೆದರಿಕೆಗೆ ನಾನು ಇಂಗ್ಲಿಷಿನಲ್ಲಿ ನಾಲ್ಕು ಸಾಲು ಓದಿ ಮೈಕನ್ನು ದೆಹಲಿಯ ಗೆಳೆಯನ ಕೈಗೆ ಕೊಟ್ಟೆ. ಚೆನ್ನಾಗಿಯೇ ಮಾತಾಡಿದ. ಆಗ ಹಿಂದಿನ ಸಾಲಿನಿಂದ ಒಂದು ಪ್ರಶ್ನೆ ಬಂತು: ಪ್ರವೇಶದಲ್ಲಿ ಹಿಂದುಳಿದ ಜಿಲ್ಲೆಯವರಿಗೆ ಕೊಡುವ ಹೆಚ್ಚುವರಿ ಅಂಕಗಳ ಬಗ್ಗೆ ನಿಮ್ಮ ನಿಲುವೇನು?

ಆ ಅಂಕಗಳ ಕಥೆ ಆಗ ನನಗೆ ಗೊತ್ತಿರಲಿಲ್ಲ. ವಿದ್ಯಾರ್ಥಿ ಬಂದ ಪ್ರದೇಶದ ಹಿಂದುಳಿದಿರುವಿಕೆಯನ್ನೂ ಲೆಕ್ಕಕ್ಕೆ ಹಿಡಿಯಬೇಕೆಂಬ ಪ್ರವೇಶ ನೀತಿ ಎಪ್ಪತ್ತರ ದಶಕದ ಸಂಘದ ಗಳಿಕೆ. ಮುಂದೆ ಸಿಪಿಎಂ ನಾಯಕರಾದ ಪ್ರಕಾಶ್ ಕಾರಟ್ ಸಂಘದ ಅಧ್ಯಕ್ಷರಾಗಿದ್ದದ್ದು ಆ ಕಾಲದಲ್ಲೇ. 1983ರಲ್ಲಿ ಕ್ಯಾಂಪಸ್ಸಿನಲ್ಲಿ ದೊಡ್ಡ ಗಲಾಟೆಯಾಗಿ ನೂರಾರು ವಿದ್ಯಾರ್ಥಿಗಳು ತಿಹಾರ್ ಜೈಲು ಸೇರಿದರು. ಮುಂದೆ ನೊಬೆಲ್ ಪಡೆದ ಅಭಿಜಿತ್ ಬ್ಯಾನರ್ಜಿಯೂ ಅವರಲ್ಲಿದ್ದರು. ಅದರ ಬೆನ್ನಿಗೇ ಈ ನೀತಿಯನ್ನೂ ಕಿತ್ತುಹಾಕಿದರು. ಮತ್ತೆ ಗಳಿಸಿಕೊಳ್ಳಲು ವಿದ್ಯಾರ್ಥಿಗಳಿಗೆ ಸುಮಾರು ಹತ್ತು ವರ್ಷ ಹಿಡಿಯಿತು. ಚಳವಳಿ, ಉಪವಾಸ, ಒಂದರ ಹಿಂದೊಂದು ಜಿಬಿಎಂ ಆದ ಮೇಲೆ ತೊಂಬತ್ತರ ದಶಕದಲ್ಲಿ ಅದು ವಾಪಸ್ ಬಂತು. ನನ್ನಂಥ ಹಳ್ಳಿಯವನು ಆ ಗೇಟಿನೊಳಗೆ ಕಾಲಿಟ್ಟದ್ದು ಆ ಹತ್ತು ವರ್ಷಗಳ ಹೋರಾಟದಿಂದ. ಹಿಂದುಳಿದ ಜಿಲ್ಲೆಯವನೆಂದು ನನಗೂ ಆ ಅಂಕ ಸಿಕ್ಕಿತ್ತು.

ಗೆಳೆಯ ಏನೋ ಹೇಳತೊಡಗಿದ. ನನಗೆ ಅರ್ಧ ಅರ್ಥವಾಯಿತು, ಅರ್ಧ ಆಗಲಿಲ್ಲ. 'ಪುನರ್ವಿಚಾರ' ಅನ್ನುವ ಪದ ಕಿವಿಗೆ ಬಿತ್ತು. 'ಯೋಗ್ಯತಾ' ಅನ್ನುವುದೂ ಬಿತ್ತು. ಎರಡೂ ನಮ್ಮ ಸಂಸ್ಕೃತದ ಪದಗಳೇ, ಹಾಗಾಗಿ ಏನೂ ತಿಳಿಯಲಿಲ್ಲವೆಂದು ನಾನು ಹೇಳುವಂತಿಲ್ಲ. ಮಾತು ಮುಗಿಸಿ ಅವನು ನನ್ನ ಕಡೆ ತಿರುಗಿದ. ನಾನು ಹೌದೆಂದು ತಲೆಯಾಡಿಸಿದೆ.

ಆ ತಲೆಯಾಡಿಸುವಿಕೆಯನ್ನು ಎಷ್ಟು ಸಲ ನೆನೆದಿದ್ದೇನೋ ಲೆಕ್ಕವಿಲ್ಲ. ನನ್ನ ಪರವಾಗಿ ನನ್ನೆದುರೇ ಒಬ್ಬ 'ಈ ಅಂಕಗಳು ಯೋಗ್ಯತೆಗೆ ಅನ್ಯಾಯ, ಮರುಚಿಂತನೆ ಬೇಕು' ಎಂದಿದ್ದ. ತಡೆಯಲು ಎರಡು ಸೆಕೆಂಡು ಸಾಕಿತ್ತು. 'ಒಂದು ನಿಮಿಷ, ಅವನು ಹೇಳಿದ್ದನ್ನು ಇಂಗ್ಲಿಷಿನಲ್ಲಿ ಹೇಳಿ' ಎಂದಿದ್ದರೆ ಸಾಕಿತ್ತು. ಕನ್ನಡದಲ್ಲೇ 'ಇಲ್ಲ' ಎಂದಿದ್ದರೂ ಆ ಸಭೆಗೆ ಅರ್ಥವಾಗುತ್ತಿತ್ತು. ಕೇಳಿದರೆ ಹಿಂದಿ ಬಾರದವನೆಂದು ಗೊತ್ತಾಗಿಬಿಡುತ್ತದೆ ಎಂದು ಹೆದರಿದೆ. ಅದು ಎಲ್ಲರಿಗೂ ಮೊದಲೇ ಗೊತ್ತಿತ್ತು! ಆ ಸಭೆಯಲ್ಲಿ ಮಣಿಪುರದವರು, ಕೇರಳದವರು, ಒಡಿಶಾದವರು ತಮತಮಗೆ ಬಂದಷ್ಟು ಹಿಂದಿಯಲ್ಲಿ ಗಂಟೆಗಟ್ಟಲೆ ವಾದ ಮಾಡಿದ್ದರು. ಯಾರೂ ಅವರನ್ನು ನೋಡಿ ನಕ್ಕಿರಲಿಲ್ಲ.

ಪ್ರಶ್ನೆ ಕೇಳಿದ್ದು ನನ್ನ ಹಾಸ್ಟೆಲ್ಲಿನವನೇ, ಒಡಿಶಾದ ಹಿಂದುಳಿದ ಜಿಲ್ಲೆ ಕಾಳಾಹಾಂಡಿಯ ಹುಡುಗ. ಅವನೂ ಅದೇ ಅಂಕಗಳ ಬಲದಿಂದ ಬಂದವನು. ನನಗೆ ಅನುಕೂಲವಾಗಲಿ ಎಂದೇ ಕೇಳಿದ್ದನಂತೆ, ನನ್ನ ಬಾಯಿಂದ ಒಳ್ಳೆಯ ಉತ್ತರ ಬರುತ್ತದೆಂಬ ನಂಬಿಕೆಯಿಂದ. ಮಾರನೆಯ ದಿನದಿಂದ ಮೆಸ್ಸಿನಲ್ಲಿ ಅವನು ಬೇರೆ ಟೇಬಲ್ಲಿಗೆ ಹೋದ. ಚುನಾವಣೆಯಲ್ಲಿ ಸೋತೆ, ಅದು ವಾರದಲ್ಲಿ ಮರೆತುಹೋಯಿತು. ಖಾಲಿಯಾದ ಆ ಕುರ್ಚಿ ಮರೆಯಲಿಲ್ಲ.

ಹಾಗಾಗಿ 'ಸ್ವತಂತ್ರನಾಗಿ ನಿಲ್ಲಲೋ, ಸಂಘಟನೆ ಸೇರಲೋ' ಎಂಬ ನಿಮ್ಮ ಪ್ರಶ್ನೆಯನ್ನೇ ನಾನು ಒಪ್ಪುವುದಿಲ್ಲ. ಆ ಅಂಕಗಳ ಕಥೆ ನಿಮಗೆ ಗೊತ್ತೇ? ಕ್ಯಾಂಪಸ್ಸಿನ ಗ್ರಂಥಾಲಯ, ಹಾಸ್ಟೆಲ್ ಶುಲ್ಕ, ಸ್ಕಾಲರ್‌ಶಿಪ್ ಇವುಗಳಲ್ಲಿ ಯಾವುದಕ್ಕೆ ಯಾರು ಬಡಿದಾಡಿದ್ದಾರೆಂದು ಗೊತ್ತೇ? ಗೊತ್ತಿಲ್ಲವಾದರೆ ಈ ವರ್ಷ ನಿಲ್ಲಬೇಡಿ. ಊಟದ ಹೊತ್ತಿಗೆ ಮೆಸ್ಸಿಗೆ ಬರುವ ಕರಪತ್ರಗಳನ್ನು, ಎಲ್ಲ ಸಂಘಟನೆಗಳದ್ದನ್ನೂ, ಎಸೆಯದೆ ಕೂಡಿಟ್ಟು ಓದಿ. ಆಮೇಲೆ ಸಂಘಟನೆ ಸೇರುವುದೇ ಸರಿಯೆಂದು ನನ್ನ ಅಭಿಪ್ರಾಯ. ಒಬ್ಬನೇ ಅಷ್ಟು ಹಾಸ್ಟೆಲ್ ಸುತ್ತಲಾರ, ತಪ್ಪು ಮಾತಾಡಿದಾಗ ಸಂಜೆ ಕೂರಿಸಿಕೊಂಡು ತಿದ್ದುವವರೂ ಒಬ್ಬಂಟಿಗೆ ಇರುವುದಿಲ್ಲ. ದಕ್ಷಿಣದ ಮತಗಳ ಪಟ್ಟಿಯನ್ನಂತೂ ಹರಿದುಹಾಕಿ. ಆ ಪಟ್ಟಿ ಕೈಯಲ್ಲಿದ್ದಷ್ಟು ದಿನ ಕಾಳಾಹಾಂಡಿಯವನು ನಿಮ್ಮವನೆಂದು ಹೊಳೆಯುವುದಿಲ್ಲ.

1977ರಲ್ಲಿ ಇಂದಿರಾ ಗಾಂಧಿಯವರ ಪಕ್ಕದಲ್ಲೇ ನಿಂತು, ಜೆಎನ್‌ಯು ಕುಲಾಧಿಪತಿ ಸ್ಥಾನಕ್ಕೆ ರಾಜೀನಾಮೆ ಕೊಡಿ ಎಂಬ ಮನವಿಯನ್ನು ಓದುತ್ತಿರುವ, ಆಗಿನ ಸಂಘದ ಅಧ್ಯಕ್ಷ ಸೀತಾರಾಂ ಯೆಚೂರಿಯ ಫೋಟೊ ನೋಡಿರುತ್ತೀರಿ. ಯೆಚೂರಿಯವರ ಮನೆಮಾತೂ ಹಿಂದಿಯಲ್ಲ, ತೆಲುಗು.

ನಾನು ಮುಂದಿನ ವರ್ಷ ನಿಲ್ಲಲಿಲ್ಲ. ಜಿಬಿಎಂಗೆ ಹೋಗಿ ಎಲ್ಲ ಅಭ್ಯರ್ಥಿಗಳಿಗೂ ಅದೇ ಪ್ರಶ್ನೆ ಕೇಳಿದೆ, ಹಿಂದಿಯಲ್ಲೇ. 'ನೀತಿ' ಹಿಂದಿಯಲ್ಲಿ ಸ್ತ್ರೀಲಿಂಗ, ನಾನು ಪುಲ್ಲಿಂಗ ಮಾಡಿದೆ. ಪಕ್ಕದಲ್ಲಿ ಕೂತಿದ್ದ ಹುಡುಗಿ ಮೆಲ್ಲಗೆ ತಿದ್ದಿದಳು. ತಿದ್ದಿಕೊಂಡು ಮುಂದುವರಿಸಿದೆ. ಪ್ರಶ್ನೆ ಮುಗಿಯುವವರೆಗೆ ಮೈಕು ನನ್ನ ಕೈಯಲ್ಲೇ ಇತ್ತು.